ಒಂದು ಕೋಟಿ ಉಳಿದಿದ್ದರೂ ಹಸಿವಿಗೆ ಅಂಜಿದ ಅಪಿಸಿಯಸ್

ನ್ಯೂಯಾರ್ಕ್ ವೈದ್ಯಕೀಯ ಅಕಾಡೆಮಿಯ ಗ್ರಂಥಾಲಯದಲ್ಲಿ ಒಂಬತ್ತನೆಯ ಶತಮಾನದ ಒಂದು ಲ್ಯಾಟಿನ್ ಹಸ್ತಪ್ರತಿಯಿದೆ. ಜರ್ಮನಿಯ ಫುಲ್ಡಾ ಮಠದಲ್ಲಿ ಚರ್ಮದ ಹಾಳೆಗಳ ಮೇಲೆ ಬರೆಯಲಾದ ಈ ಗ್ರಂಥವು ಶಸ್ತ್ರಚಿಕಿತ್ಸೆಯದೂ ಅಲ್ಲ, ಔಷಧಶಾಸ್ತ್ರದ್ದೂ ಅಲ್ಲ. ಅದೊಂದು ಅಡುಗೆಯ ಪುಸ್ತಕ. ಸುಮಾರು ಅದೇ ಕಾಲದ ಇನ್ನೊಂದು ಪ್ರತಿ ವ್ಯಾಟಿಕನ್ನಿನಲ್ಲಿದೆ. ಪ್ರಾಚೀನ ರೋಮನ್ನರು ಏನನ್ನು ಹೇಗೆ ಬೇಯಿಸಿ ಉಂಡರೆಂಬುದು ಇಂದು ನಮಗೆ ವಿವರವಾಗಿ ತಿಳಿದಿದ್ದರೆ, ಅದಕ್ಕೆ ಮುಖ್ಯ ಕಾರಣ ಈ ಎರಡು ಪ್ರತಿಗಳು. ಗ್ರಂಥಕ್ಕೆ ಅಂಟಿಕೊಂಡಿರುವ ಹೆಸರು ಅಪಿಸಿಯಸ್. ಆ ಹೆಸರಿನ ಮನುಷ್ಯನ ಬದುಕು ಮತ್ತು ಸಾವು ವೈದ್ಯನಾದ ನನ್ನನ್ನು ಅವನ ಪಾಕಗಳಿಗಿಂತಲೂ ಹೆಚ್ಚಾಗಿ ಕಾಡಿವೆ. ಪರದೇಶದಲ್ಲಿ ಬಾಳುವವರೂ, ಬಾಳಲು ಹೊರಟವರೂ, ಅವರನ್ನು ಕಳುಹಿಸಿಕೊಟ್ಟು ಊರಿನಲ್ಲಿ ಕಾಯುವವರೂ ಅವನ ಕಥೆಯನ್ನು ತಿಳಿದಿರುವುದು ಒಳ್ಳೆಯದು.

ಮಾರ್ಕಸ್ ಗೇವಿಯಸ್ ಅಪಿಸಿಯಸ್ ಚಕ್ರವರ್ತಿ ಟೈಬೀರಿಯಸನ ಕಾಲದವನು. ಟೈಬೀರಿಯಸ್ ಕ್ರಿ.ಶ. 14ರಿಂದ 37ರವರೆಗೆ ರೋಮನ್ನು ಆಳಿದನು. ಇವನಿಗಿಂತ ಸುಮಾರು ನೂರು ವರ್ಷ ಹಿಂದೆಯೂ ಅದೇ ಹೆಸರಿನ ಭೋಜನಲೋಲನೊಬ್ಬನಿದ್ದನು. ಆದ್ದರಿಂದ ಅಪಿಸಿಯಸ್ ಎಂಬುದು ಇವನಿಗೆ ಬಿರುದಿನಂತೆ ಬಂದ ಹೆಸರಿರಬಹುದೆಂದು ವಿದ್ವಾಂಸರು ಊಹಿಸುತ್ತಾರೆ. ಅವನ ಬಗ್ಗೆ ನಮಗೆ ತಿಳಿದಿರುವುದೆಲ್ಲ ಸೆನೆಕಾ, ಪ್ಲಿನಿ, ಟ್ಯಾಸಿಟಸ್, ಮಾರ್ಷಿಯಲ್, ಅಥೆನೇಯಸ್ ಮುಂತಾದವರು ಹೇಳಿದ್ದು. ಇವರಲ್ಲಿ ಹೆಚ್ಚಿನವರು ಅವನನ್ನು ಮೆಚ್ಚಿದವರಲ್ಲ.

ಅವನಿಗೆ ಅಪಾರ ಸಂಪತ್ತಿತ್ತು, ಅದನ್ನು ಅಡುಗೆಮನೆಗೆ ಸುರಿಯುವ ಉತ್ಸಾಹವೂ ಇತ್ತು. ಹಂದಿಗಳಿಗೆ ಒಣ ಅಂಜೂರವನ್ನು ತಿನ್ನಿಸಿ ಕೊಬ್ಬಿಸಿ, ಕೊನೆಗೆ ಜೇನು ಬೆರೆಸಿದ ದ್ರಾಕ್ಷಾರಸವನ್ನು ಕುಡಿಸಿ ಕೊಂದರೆ ಅವುಗಳ ಯಕೃತ್ತು ದೊಡ್ಡದಾಗಿ ರುಚಿಕರವಾಗುತ್ತದೆ ಎಂಬ ವಿಧಾನವನ್ನು ಪ್ಲಿನಿ ಅವನ ಹೆಸರಿಗೆ ಬರೆದಿದ್ದಾನೆ. ಅಂಜೂರಕ್ಕಿದ್ದ ಲ್ಯಾಟಿನ್ ಪದದಿಂದಲೇ ಇಟಾಲಿಯನ್, ಫ್ರೆಂಚ್ ಮತ್ತು ಸ್ಪ್ಯಾನಿಷ್ ಭಾಷೆಗಳಲ್ಲಿ ಯಕೃತ್ತಿಗೆ ಹೆಸರು ಬಂದಿದೆ. ರಾಜಹಂಸದ ನಾಲಗೆ ಅತ್ಯುತ್ತಮ ಭಕ್ಷ್ಯವೆಂದು ಸಾರಿದವನೂ ಅವನೇ.

ಅಥೆನೇಯಸ್ ಹೇಳುವ ಪ್ರಸಂಗವೊಂದಿದೆ. ಅಪಿಸಿಯಸ್ ಇಟಲಿಯ ಕರಾವಳಿಯ ಮಿಂಟರ್ನೆ ಎಂಬ ಊರಿನಲ್ಲಿ ದೊಡ್ಡ ದೊಡ್ಡ ಸಿಗಡಿಗಳನ್ನು ತಿನ್ನುತ್ತ ಕಾಲ ಕಳೆಯುತ್ತಿದ್ದನು. ಲಿಬಿಯಾದ ಕಡಲಿನಲ್ಲಿ ಇವಕ್ಕಿಂತಲೂ ದೊಡ್ಡವು ಸಿಗುತ್ತವೆಂದು ಕೇಳಿದ ದಿನವೇ ಹಡಗು ಹತ್ತಿದನು. ಬಿರುಗಾಳಿಯಲ್ಲಿ ಬಹಳ ಕಷ್ಟಪಟ್ಟು ಆಫ್ರಿಕಾದ ತೀರವನ್ನು ಸಮೀಪಿಸಿದಾಗ, ಬೆಸ್ತರು ದೋಣಿಗಳಲ್ಲಿ ಎದುರು ಬಂದು ತಮ್ಮಲ್ಲಿದ್ದ ಅತ್ಯುತ್ತಮ ಸಿಗಡಿಗಳನ್ನು ತೋರಿಸಿದರು. ಇವಕ್ಕಿಂತ ದೊಡ್ಡವಿಲ್ಲವೆಂದು ತಿಳಿದೊಡನೆ, ನೆಲಕ್ಕೆ ಕಾಲನ್ನೂ ಇಡದೆ, ಹಡಗನ್ನು ಇಟಲಿಗೆ ತಿರುಗಿಸಲು ಆಜ್ಞಾಪಿಸಿದನು.

ಅವನ ಖ್ಯಾತಿ ಅರಮನೆಗೂ ಮುಟ್ಟಿತ್ತು. ಸುಮಾರು ಒಂದೂವರೆ ಕಿಲೊ ತೂಗುವ ಮುಲ್ಲೆಟ್ ಮೀನೊಂದು ಟೈಬೀರಿಯಸನಿಗೆ ಕಾಣಿಕೆಯಾಗಿ ಬಂದಾಗ, ಅವನು ಅದನ್ನು ಮಾರುಕಟ್ಟೆಗೆ ಕಳುಹಿಸಿ, ಅಪಿಸಿಯಸ್ ಇಲ್ಲವೆ ಆಕ್ಟೇವಿಯಸ್ ಅದನ್ನು ಕೊಳ್ಳದೆ ಬಿಡುವುದಿಲ್ಲವೆಂದು ನುಡಿದನಂತೆ. ಇಬ್ಬರೂ ಪೈಪೋಟಿಗೆ ಬಿದ್ದರು. ಆಕ್ಟೇವಿಯಸ್ 5,000 ಸೆಸ್ಟರ್ಸ್ ನಾಣ್ಯಗಳಿಗೆ ಅದನ್ನು ಪಡೆದನು. ಆಗ ರೋಮನ್ ಸೈನಿಕನ ವಾರ್ಷಿಕ ಸಂಬಳ 900 ಸೆಸ್ಟರ್ಸ್. ಚಕ್ರವರ್ತಿಯ ಮಗ ಡ್ರೂಸಸನು ಅಪಿಸಿಯಸನ ಮಾತು ಕೇಳಿ ಎಲೆಕೋಸಿನ ಚಿಗುರನ್ನು ಬಡವರ ತಿನಿಸೆಂದು ದೂರವಿಟ್ಟು ತಂದೆಯಿಂದ ಬೈಸಿಕೊಂಡನು. ಮುಂದೆ ರೋಮನ್ನೇ ನಡುಗಿಸಿದ ಸೆಜಾನಸನು ಯೌವನದಲ್ಲಿ ಈ ಶ್ರೀಮಂತನಿಗೆ ಆಪ್ತನಾಗಿದ್ದನೆಂಬ ಗಾಳಿಮಾತನ್ನು ಟ್ಯಾಸಿಟಸ್ ದಾಖಲಿಸಿದ್ದಾನೆ. ಡ್ರೂಸಸ್ ಕ್ರಿ.ಶ. 23ರಲ್ಲಿ ತೀರಿಕೊಂಡನು, ವಿಷವಿಕ್ಕಿದವನು ಸೆಜಾನಸನೆಂದು ಅನಂತರ ಆರೋಪ ಬಂದಿತು. ಸೆಜಾನಸನಿಗೆ 31ರಲ್ಲಿ ಮರಣದಂಡನೆಯಾಯಿತು. ಅಪಿಸಿಯಸ್ ಉಂಡು ಉಣಿಸಿದ ಪರಿಸರ ಅಂಥದ್ದು.

ಅವನ ಅಂತ್ಯವನ್ನು ನಮಗೆ ತಿಳಿಸಿದವನು ಸೆನೆಕಾ. ಅದೂ ತಾಯಿಗೆ ಬರೆದ ಪತ್ರದಲ್ಲಿ. ಕ್ರಿ.ಶ. 41ರಲ್ಲಿ ಸೆನೆಕಾನನ್ನು ಕಾರ್ಸಿಕಾ ದ್ವೀಪಕ್ಕೆ ಗಡೀಪಾರು ಮಾಡಲಾಗಿತ್ತು. ದೂರದಲ್ಲಿದ್ದ ಮಗನಿಗಾಗಿ ಮರುಗುತ್ತಿದ್ದ ತಾಯಿ ಹೆಲ್ವಿಯಾಳನ್ನು ಸಮಾಧಾನಪಡಿಸಲು ಅವನು ದೀರ್ಘವಾದ ಪತ್ರವನ್ನು ಬರೆದನು. ರೋಮ್ ನಗರದಲ್ಲಿ ತುಂಬಿರುವವರಲ್ಲಿ ಹೆಚ್ಚಿನವರು ಬೇರೆ ಬೇರೆ ಊರುಗಳನ್ನು ಬಿಟ್ಟು ಬಂದವರೇ, ಮನುಷ್ಯನಿಗೆ ಬದುಕಲು ಬೇಕಾದುದು ಅಲ್ಪ, ಅದು ಎಲ್ಲಿಯೂ ಸಿಗುತ್ತದೆ ಎಂದು ತಿಳಿಸುತ್ತ ಅಪಿಸಿಯಸನ ಉದಾಹರಣೆಯನ್ನು ಕೊಟ್ಟನು. ಅಪಿಸಿಯಸ್ ಹತ್ತು ಕೋಟಿ ಸೆಸ್ಟರ್ಸ್ ಹಣವನ್ನು ಅಡುಗೆಮನೆಗೆ ಸುರಿದ ಮೇಲೆ, ಸಾಲಗಳ ಒತ್ತಡದಿಂದ ಮೊದಲ ಬಾರಿಗೆ ಲೆಕ್ಕ ನೋಡಿದನು. ಎಲ್ಲವನ್ನೂ ಕಳೆದು ಒಂದು ಕೋಟಿ ಉಳಿಯುತ್ತಿತ್ತು. ಅಷ್ಟರಲ್ಲಿ ಬದುಕುವುದೆಂದರೆ ಉಪವಾಸವಿರುವುದೇ ಎಂದು ಬಗೆದು ವಿಷ ಕುಡಿದು ಸತ್ತನು. ಒಂದು ಕೋಟಿ ಎಂದರೆ ಸೈನಿಕನೊಬ್ಬನ ಹನ್ನೊಂದು ಸಾವಿರ ವರ್ಷಗಳ ಸಂಬಳ. ಸೆನೆಟಿನ ಸದಸ್ಯನಾಗಲು ಬೇಕಿದ್ದ ಆಸ್ತಿಯ ಹತ್ತರಷ್ಟು.

ಸೆನೆಕಾ ಇದನ್ನು ದುರಾಸೆಯ ದೃಷ್ಟಾಂತವಾಗಿ ಕಂಡನು. ಕವಿ ಮಾರ್ಷಿಯಲ್ ಇದರಲ್ಲಿ ನಗೆಯನ್ನು ಕಂಡನು. ಮೊದಲ ಓದಿನಲ್ಲೇ ನನ್ನ ಮನಸ್ಸಿಗೆ ಬಂದುದು ಬೇರೆಯೇ. ತೀವ್ರ ಖಿನ್ನತೆಗೆ ಒಳಗಾದವರಲ್ಲಿ ಕೆಲವರಿಗೆ ದಾರಿದ್ರ್ಯದ ಭ್ರಮೆ ಉಂಟಾಗುತ್ತದೆ. ಬ್ಯಾಂಕಿನಲ್ಲಿ ಹಣವಿದ್ದರೂ ಎಲ್ಲವೂ ಮುಗಿಯಿತು, ಮನೆಯವರು ಬೀದಿಗೆ ಬೀಳುತ್ತಾರೆ ಎಂದು ಅವರು ದೃಢವಾಗಿ ನಂಬುತ್ತಾರೆ. ಪಾಸ್‌ಬುಕ್ ತೋರಿಸಿದರೂ ಆ ನಂಬಿಕೆ ಸಡಿಲವಾಗುವುದಿಲ್ಲ. ಎರಡು ಸಾವಿರ ವರ್ಷಗಳ ಹಿಂದಿನವನಿಗೆ ನಾನು ರೋಗನಿರ್ಣಯ ಮಾಡಲಾರೆ. ಆದರೆ ಅವನು ಆಡಿದ್ದೆನ್ನಲಾದ ಲೆಕ್ಕವನ್ನು ವೈದ್ಯರು ಇಂದಿಗೂ ರೋಗಿಗಳ ಬಾಯಿಂದ ಕೇಳುತ್ತಾರೆ. ವೀಸಾದ ಅನಿಶ್ಚಿತತೆ, ಕೆಲಸ ಹೋದ ಸುದ್ದಿ, ಮನೆಯ ಸಾಲದ ಕಂತು, ಊರಿನಲ್ಲಿ ತಲೆಯೆತ್ತಲಾಗದೆಂಬ ಭಯ ಇವೆಲ್ಲ ಸೇರಿದಾಗ, ಹೊರನಾಡಿನಲ್ಲಿರುವ ಗಟ್ಟಿಮುಟ್ಟಾದ ಯುವಕನೂ ಅದೇ ಲೆಕ್ಕಕ್ಕೆ ಕೈಹಾಕಬಲ್ಲನು. ಫೋನಿನಲ್ಲಿ ಮಗನೋ ಮಗಳೋ ಹಾಗೆ ಮಾತನಾಡಿದರೆ ಊರಿನವರು ಆ ಲೆಕ್ಕ ತಪ್ಪೆಂದು ವಾದಿಸಬೇಕಾಗಿಲ್ಲ, ಬುದ್ಧಿಮಾತನ್ನೂ ಹೇಳಬೇಕಾಗಿಲ್ಲ. ನಿದ್ದೆ ಬರುತ್ತಿದೆಯೇ, ಊಟ ಸೇರುತ್ತಿದೆಯೇ, ಸಾಯುವ ಯೋಚನೆ ಬಂದಿದೆಯೇ ಎಂದು ನೇರವಾಗಿ ಕೇಳಿರಿ. ಹಾಗೆ ಕೇಳುವುದರಿಂದ ಆ ಯೋಚನೆ ಹುಟ್ಟುವುದಿಲ್ಲ. ಹತ್ತಿರದಲ್ಲಿರುವ ಸ್ನೇಹಿತರಿಗೆ ತಿಳಿಸಿ ವೈದ್ಯರಲ್ಲಿಗೆ ಕಳುಹಿಸಿರಿ. ಅಮೆರಿಕದಲ್ಲಿ 988, ಭಾರತದಲ್ಲಿ ಟೆಲಿ ಮಾನಸ್‌ನ 14416 ಸಂಖ್ಯೆಗೆ ಹಗಲಿರುಳೂ ಕರೆ ಮಾಡಬಹುದು. ಈ ಕಾಯಿಲೆಗೆ ಚಿಕಿತ್ಸೆಯಿದೆ.

ಅಪಿಸಿಯಸ್ ಸತ್ತನು, ಅವನ ಹೆಸರು ಉಳಿಯಿತು. ಇಂದು ನಮ್ಮ ಕೈಯಲ್ಲಿರುವ ಗ್ರಂಥವನ್ನು ಪೂರ್ತಿಯಾಗಿ ಅವನೇ ಬರೆದದ್ದಲ್ಲ. ಹಲವರ ಪಾಕಗಳನ್ನು ಸೇರಿಸಿ, ಅವನ ಕಾಲಕ್ಕಿಂತ ಮೂರು ನಾಲ್ಕು ಶತಮಾನಗಳ ತರುವಾಯ ಈ ಸಂಕಲನವನ್ನು ಮಾಡಲಾಯಿತೆಂದು ವಿದ್ವಾಂಸರ ಅಭಿಪ್ರಾಯ. ಹತ್ತು ಅಧ್ಯಾಯಗಳಲ್ಲಿ 450ಕ್ಕೂ ಹೆಚ್ಚು ಪಾಕಗಳಿವೆ. ರಾಜಹಂಸವೂ ನವಿಲೂ ಇವೆ, ನಿಜ. ಆದರೆ ಒಂದು ಅಧ್ಯಾಯ ಪೂರ್ತಿ ತರಕಾರಿಗಳಿಗೆ, ಇನ್ನೊಂದು ಬೇಳೆಕಾಳುಗಳಿಗೆ ಮೀಸಲು. ಡ್ರೂಸಸ್ ದೂರವಿಟ್ಟ ಎಲೆಕೋಸಿನ ಚಿಗುರೂ ಅಲ್ಲಿ ಸ್ಥಾನ ಪಡೆದಿದೆ. ಜೀರ್ಣಕ್ಕೆ ನೆರವಾಗುವ ಸಂಬಾರದ ಉಪ್ಪುಗಳೂ ಇವೆ. ಹಾಗಾಗಿಯೋ ಏನೋ, ಈ ಪುಸ್ತಕವನ್ನು ವೈದ್ಯರು ಕೈಬಿಡಲಿಲ್ಲ. 1705ರಲ್ಲಿ ಲಂಡನ್ನಿನಲ್ಲಿ ಇದನ್ನು ಸಂಪಾದಿಸಿ ಮುದ್ರಿಸಿದ ಮಾರ್ಟಿನ್ ಲಿಸ್ಟರ್ ಆ್ಯನ್ ರಾಣಿಯ ವೈದ್ಯನಾಗಿದ್ದನು.

ಪಾಕಗಳನ್ನು ಓದುತ್ತ ಹೋದರೆ ಕನ್ನಡಿಗರಿಗೆ ಪರಿಚಿತ ಪರಿಮಳವೇ ಬರುತ್ತದೆ. ಬಹುಪಾಲು ಪಾಕಗಳಲ್ಲಿ ಕರಿಮೆಣಸಿದೆ. ಅದು ಮಲಬಾರಿನ ಮುಜಿರಿಸ್‌ನಂಥ ಬಂದರುಗಳಿಂದ ಚಳಿಗಾಲದ ಮಾರುತವನ್ನು ಅನುಸರಿಸಿ ಹಡಗುಗಳಲ್ಲಿ ಹೋದದ್ದು. ಈಜಿಪ್ಟಿನ ಬೆರೆನಿಕೆ ಬಂದರಿನ ಉತ್ಖನನದಲ್ಲಿ, ಭಾರತದಲ್ಲಿ ಮಾಡಿದ ಮಣ್ಣಿನ ಹರವಿಯೊಳಗೆ ಏಳೂವರೆ ಕಿಲೊ ಕರಿಮೆಣಸು ದೊರಕಿದೆ. ಪ್ಲಿನಿ ಕೊಡುವ ದರದಂತೆ ಒಂದು ಪೌಂಡ್ ಕರಿಮೆಣಸಿಗೆ 4 ದಿನಾರಿ, ಅಂದರೆ 16 ಸೆಸ್ಟರ್ಸ್. ಸೈನಿಕನ ಸುಮಾರು ಒಂದು ವಾರದ ಸಂಬಳ. ಅದರ ಜೊತೆಗೆ ಜೀರಿಗೆ, ಕೊತ್ತಂಬರಿ, ಜೇನು, ಹುಳಿ. ಮೆಣಸಿನಕಾಯಿ, ಟೊಮೆಟೊ, ಆಲೂಗೆಡ್ಡೆ ಇಲ್ಲ. ಅವು ಆಗ ನಮ್ಮಲ್ಲಿಯೂ ಇರಲಿಲ್ಲ.

ನನ್ನ ಗಮನವನ್ನು ಹೆಚ್ಚು ಸೆಳೆದದ್ದು ಇಂಗು. ರೋಮನ್ನರು ಮೊದಲು ಆಫ್ರಿಕಾದ ಸಿಲ್ಫಿಯಂ ಎಂಬ ಗಿಡದ ಅಂಟನ್ನು ಬಳಸುತ್ತಿದ್ದರು. ಪ್ಲಿನಿಯ ಕಾಲಕ್ಕೆ ಅದು ಬಹುತೇಕ ನಾಶವಾಗಿ, ಸಿಕ್ಕ ಒಂದೇ ದಂಟನ್ನು ಚಕ್ರವರ್ತಿ ನೀರೋಗೆ ಕಳುಹಿಸಲಾಗಿತ್ತು. ಅದರ ಬದಲಿಗೆ ಪರ್ಷಿಯಾದ ಕಡೆಯಿಂದ ಬಂದುದೇ ನಮ್ಮ ಇಂಗು. ಅದು ದುಬಾರಿ. ಆದ್ದರಿಂದ ಗ್ರಂಥವು ಉಳಿತಾಯದ ಉಪಾಯವೊಂದನ್ನು ಕಲಿಸುತ್ತದೆ: ಗಾಜಿನ ಪಾತ್ರೆಯಲ್ಲಿ ಇಂಗಿನ ಜೊತೆಗೆ ಇಪ್ಪತ್ತು ಪೈನ್ ಬೀಜಗಳನ್ನಿಡಬೇಕು, ಅಡುಗೆಗೆ ಆ ಬೀಜಗಳನ್ನೇ ಅರೆದು ಹಾಕಿ, ತೆಗೆದಷ್ಟು ಹೊಸ ಬೀಜಗಳನ್ನು ಸೇರಿಸಬೇಕು. ಹತ್ತು ಕೋಟಿ ಕಳೆದವನ ಹೆಸರಿನ ಪುಸ್ತಕದಲ್ಲಿ ಇಂಥ ಗೃಹಿಣಿಯ ಜಾಣತನ!

ಈ ಪಾಕಗಳಲ್ಲಿ ಅಳತೆಗಳು ವಿರಳ. ಇಂದಿನ ಒಲೆಯ ಮೇಲೆ ಮಾಡಿ ನೋಡುವವರು ಅಳತೆಯನ್ನು ತಾವೇ ಕಂಡುಕೊಳ್ಳಬೇಕು. ಉಪ್ಪಿನ ಬದಲಿಗೆ ರೋಮನ್ನರು ಬಳಸುತ್ತಿದ್ದ ಮೀನಿನ ರಸಕ್ಕೆ ವಿಯೆಟ್ನಾಂ ಅಥವಾ ಥಾಯ್ಲೆಂಡಿನ ಮೀನಿನ ಸಾಸ್ ಹೊಂದುತ್ತದೆ. ಸಸ್ಯಾಹಾರಿಗಳು ಉಪ್ಪನ್ನೇ ಹಾಕಬಹುದು. ರೋಮನ್ನರು ದ್ರಾಕ್ಷಿರಸವನ್ನು ಸೀಸದ ಪಾತ್ರೆಯಲ್ಲಿ ಬತ್ತಿಸುತ್ತಿದ್ದರು, ಅದು ವಿಷ. ನಾವು ಸ್ಟೀಲ್ ಪಾತ್ರೆಯಲ್ಲಿ ಬತ್ತಿಸಿದರಾಯಿತು. ಪಾಕಗಳಲ್ಲಿ ಪದೇ ಪದೇ ಬರುವ ನಾಗದಾಳಿ ಸೊಪ್ಪನ್ನು ಗರ್ಭಿಣಿಯರು ಖಂಡಿತ ತಿನ್ನಬಾರದು. ಪೆನಿರಾಯಲ್ ಎಂಬ ಪುದೀನ ಜಾತಿಯ ಗಿಡದ ಎಣ್ಣೆ ಯಕೃತ್ತನ್ನು ಕೆಡಿಸುತ್ತದೆ. ಎರಡನ್ನೂ ಬಿಟ್ಟು ಸಾಮಾನ್ಯ ಪುದೀನವನ್ನು ಹಾಕಿದರೆ ರುಚಿಗೆ ನಷ್ಟವಿಲ್ಲ.

ನಮ್ಮ ಮನೆಯಲ್ಲಿ ಮತ್ತೆ ಮತ್ತೆ ಮಾಡುವ ಪಾಕವೆಂದರೆ ಚೆಸ್ಟ್‌ನಟ್ ಮತ್ತು ಮಸೂರದ್ದು. ಒಂದು ಲೋಟ ಇಡೀ ಮಸೂರವನ್ನು ಬೇಯಿಸಿ, ಬೆಂದ ಚೆಸ್ಟ್‌ನಟ್‌ಗಳನ್ನು ಒಂದು ಹಿಡಿ ಸೇರಿಸಬೇಕು. ಅರ್ಧ ಚಮಚ ಕರಿಮೆಣಸು, ಅರ್ಧ ಚಮಚ ಜೀರಿಗೆ, ಒಂದು ಚಮಚ ಕೊತ್ತಂಬರಿ ಬೀಜ, ಚಿಟಿಕೆ ಇಂಗು, ಹತ್ತು ಎಲೆ ಪುದೀನ ಇವನ್ನು ಎರಡು ಚಮಚ ವಿನಿಗರ್‌ನೊಡನೆ ಅರೆದು, ಎರಡು ಚಮಚ ಜೇನು ಮತ್ತು ಉಪ್ಪು ಬೆರೆಸಿ ಕುದಿಸಿ, ಮೇಲೆ ಆಲಿವ್ ಎಣ್ಣೆ ಹಾಕಬೇಕು. ಸಿಹಿಗೆ ಖರ್ಜೂರ: ಬೀಜ ತೆಗೆದು ಒಳಗೆ ಆಕ್ರೋಟು ಅಥವಾ ಮೆಣಸಿನ ಪುಡಿಯನ್ನು ತುಂಬಿ, ಹೊರಗೆ ತುಸು ಉಪ್ಪು ಸವರಿ, ಕುದಿಯುವ ಜೇನಿನಲ್ಲಿ ಮೂರು ನಾಲ್ಕು ನಿಮಿಷ ಹೊರಳಿಸಿದರೆ ಸಾಕು.

ಹೊರದೇಶಕ್ಕೆ ಹೊರಟ ವಿದ್ಯಾರ್ಥಿಗಳಿಗೆ ಮೊದಲ ತಿಂಗಳುಗಳಲ್ಲಿ ಈ ಮಸೂರದ ಪಾಕ ಅಗ್ಗವೂ ಹೌದು, ಹೊಟ್ಟೆ ತುಂಬಿಸುವಂಥದೂ ಹೌದು; ಚೆಸ್ಟ್‌ನಟ್ ಸಿಗದಿದ್ದರೂ ನಡೆಯುತ್ತದೆ. ಅಮ್ಮ ಕಟ್ಟಿಕೊಟ್ಟ ಇಂಗಿನ ಡಬ್ಬಿ ಹೇಗೂ ಸೂಟ್‌ಕೇಸಿನಲ್ಲಿರುತ್ತದೆ. ಇಳಿಸುವ ಮೊದಲು ರುಚಿ ನೋಡಿ, ಕಡಿಮೆಯಾದದ್ದನ್ನು ಮಾತ್ರ ಸೇರಿಸಬೇಕೆಂದು ಆ ಪಾಕವೇ ತಿಳಿಸುತ್ತದೆ.