ಸಂಕಲನ ಕಲೆಯ ಸಾಧಕ ಅಕಿರಾ ಕುರೊಸಾವಾ

ಚಲನಚಿತ್ರವೆಂದೊಡನೆ ನಮಗೆ ನಟನಟಿಯರು ನೆನಪಾಗುತ್ತಾರೆ. ಹೆಚ್ಚೆಂದರೆ ದಿಗ್ದರ್ಶಕರ ಹೆಸರು ಹೊಳೆದೀತು. ಕೋಣೆಯೊಂದರಲ್ಲಿ ಕುಳಿತು ಚಿತ್ರದ ತುಂಡುಗಳನ್ನು ಆಯ್ದು, ಕತ್ತರಿಸಿ, ಜೋಡಿಸುವ ಸಂಕಲನಕಾರನನ್ನು ನೆನೆಯುವವರು ವಿರಳ. ನಾನೂ ನೆನೆದವನಲ್ಲ. ಜಪಾನಿನ ಅಕಿರಾ ಕುರೊಸಾವಾ ಅವರ ಜೀವನವನ್ನು ಓದಿದ ಮೇಲೆಯೇ ನನ್ನ ಕಣ್ಣು ತೆರೆಯಿತು.

ಕುರೊಸಾವಾ ಅವರು 1910ರ ಮಾರ್ಚ್ 23ರಂದು ಟೋಕಿಯೋ ನಗರದಲ್ಲಿ ಜನಿಸಿದರು. ಚಿತ್ರಕಾರನಾಗಬೇಕೆಂಬುದು ಅವರ ಹಂಬಲವಾಗಿತ್ತು. ಆದರೆ ಕಲಾಶಾಲೆಯ ಪ್ರವೇಶ ಪರೀಕ್ಷೆಯಲ್ಲಿ ತೇರ್ಗಡೆಯಾಗಲಿಲ್ಲ. ಮೂಕಿಚಿತ್ರಗಳಿಗೆ ವಿವರಣೆ ಹೇಳುತ್ತಿದ್ದ ಅಣ್ಣ ಹೈಗೊ 1933ರಲ್ಲಿ ಆತ್ಮಹತ್ಯೆ ಮಾಡಿಕೊಂಡರು. 1936ರಲ್ಲಿ ಕುರೊಸಾವಾ ಪಿ.ಸಿ.ಎಲ್. ಚಿತ್ರಸಂಸ್ಥೆಯನ್ನು ಸೇರಿ, ಕಾಜಿರೊ ಯಮಾಮೊಟೊ ಎಂಬ ದಿಗ್ದರ್ಶಕರಿಗೆ ಸಹಾಯಕರಾದರು. ಸಂಕಲನ ಬಾರದವನು ದಿಗ್ದರ್ಶಕನಾಗಲಾರನೆಂಬುದು ಆ ಗುರುವಿನ ಮತ. ಆದ್ದರಿಂದ ಶಿಷ್ಯನ ಕೈಗೇ ಕತ್ತರಿ ಕೊಟ್ಟರು.

1941ರ 'ಕುದುರೆ' ಎಂಬ ಚಿತ್ರದಲ್ಲಿ, ಮಾರಿಹೋದ ಮರಿಯನ್ನು ಹುಡುಕುತ್ತ ತಾಯಿಕುದುರೆ ಓಡುವ ಸನ್ನಿವೇಶವೊಂದಿದೆ. ಕುರೊಸಾವಾ ಅದರಲ್ಲಿ ಆವೇಶವನ್ನೆಲ್ಲ ತುಂಬಿ ಜೋಡಿಸಿದರು. ಎಷ್ಟು ತಿದ್ದಿದರೂ ಕಳೆಗಟ್ಟಲಿಲ್ಲ. ಇಲ್ಲಿ ಬೇಕಾದುದು ನಾಟಕವಲ್ಲ, ಮೌನವಾದ ಮರುಕವೆಂದು ಗುರುಗಳು ಸೂಚಿಸಿದರು. ರಾತ್ರಿಯಲ್ಲಿ ಓಡುವ ಕುದುರೆಯ ದೂರದ ನೋಟಗಳನ್ನು ಜೋಡಿಸಿದಾಗ ದೃಶ್ಯಕ್ಕೆ ಜೀವ ಬಂದಿತು.

1943ರಲ್ಲಿ ಸ್ವತಂತ್ರ ದಿಗ್ದರ್ಶಕರಾದ ಮೇಲೂ ಅವರು ಕತ್ತರಿಯನ್ನು ಕೆಳಗಿಡಲಿಲ್ಲ. ಹಗಲು ಚಿತ್ರೀಕರಿಸಿದುದನ್ನು ಅಂದಂದೇ ಕುಳಿತು ಜೋಡಿಸುವುದು ಅವರ ಅಭ್ಯಾಸವಾಯಿತು. 1954ರ 'ಏಳು ಸಮುರಾಯಿಗಳು' ಚಿತ್ರದ ಮಳೆಯ ಕಾಳಗವನ್ನು ಏಕಕಾಲದಲ್ಲಿ ಹಲವು ಕ್ಯಾಮೆರಾಗಳಿಂದ ಹಿಡಿದು, ಒಂದೊಂದು ನೋಟವನ್ನೂ ತೂಗಿ ಸೇರಿಸಿದರು. ಒಂದು ದೃಶ್ಯಕ್ಕೆ ಎಷ್ಟೇ ಶ್ರಮಪಟ್ಟಿರಲಿ, ಪ್ರೇಕ್ಷಕನಿಗೆ ಅದು ಕಾಣದು; ಕಥೆಗೆ ಬೇಡವಾದರೆ ತೆಗೆಯಬೇಕೆಂಬುದು ಅವರ ನಿಯಮ.

ಆದರೆ ಪರರ ಕತ್ತರಿಯ ನೋವನ್ನೂ ಅವರು ಉಂಡರು. 1951ರಲ್ಲಿ ದೊಸ್ತೊಯೆವ್‌ಸ್ಕಿಯ ಕಾದಂಬರಿಯನ್ನು ಆಧರಿಸಿ ತೆಗೆದ 'ಈಡಿಯಟ್' 265 ನಿಮಿಷಗಳಷ್ಟಿತ್ತು. ಶೋಚಿಕು ಸಂಸ್ಥೆ ಅದನ್ನು 166 ನಿಮಿಷಗಳಿಗೆ ಇಳಿಸಿತು. ಅದೇ ವರ್ಷ 'ರಾಶೋಮನ್' ವೆನಿಸ್ ಚಿತ್ರೋತ್ಸವದಲ್ಲಿ ಸ್ವರ್ಣಸಿಂಹ ಪ್ರಶಸ್ತಿ ಪಡೆದು, ಅವರ ಕೀರ್ತಿಯನ್ನು ದೇಶಾಂತರಗಳಿಗೆ ಹಬ್ಬಿಸಿತು. ಮೂವತ್ತು ಚಿತ್ರಗಳನ್ನು ನೀಡಿದ ಈ ಮಹನೀಯರು 1998ರ ಸೆಪ್ಟೆಂಬರ್ 6ರಂದು ದಿವಂಗತರಾದರು.

ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿಗ. ಕಷ್ಟಪಟ್ಟು ಕಲಿತ ಒಂದು ಮಾತನ್ನೂ ಬಿಡಲು ಮನಸ್ಸು ಬಾರದು. ಈ ಲೇಖನವನ್ನೂ ಮೊದಲು ಎಂಟು ಪುಟ ಬರೆದಿದ್ದೆ. ಕುರೊಸಾವಾ ಅವರನ್ನು ನೆನೆದು ಐದು ಪುಟ ಹರಿದೆ. ಆಗ ಹೊಟ್ಟೆ ಉರಿಯಿತು; ಈಗ ಓದಿದರೆ ಆ ಐದು ಪುಟಗಳಲ್ಲಿ ಏನಿತ್ತೆಂಬುದೇ ನೆನಪಿಲ್ಲ.