ಪ್ರೌಢದೇವರಾಯನ ಕಾಲದ ಕಲ್ಲಿನ ಪಳ್ಳಿ

ಹಂಪಿಗೆ ಹೋದವರು ಕಲ್ಲಿನ ರಥ, ಕಮಲ ಮಹಲ್ ನೋಡಿ ಬರುತ್ತಾರೆ. ಅಲ್ಲೇ ಒಂದು ಹಳೇ ಪಳ್ಳಿ ಇದೆ ಅಂತ ನಮ್ಮಲ್ಲಿ ಎಷ್ಟು ಮಂದಿಗೆ ಗೊತ್ತು? ಅದನ್ನು ಅರಿಯಬೇಕಾದರೆ ವಿಜಯನಗರದ ಎರಡನೇ ದೇವರಾಯನನ್ನು ಅರಿಯಬೇಕು.

ಸಂಗಮ ವಂಶದ ಈತನನ್ನು ಪ್ರೌಢದೇವರಾಯ ಅಂತಲೂ ಕರೆಯುತ್ತಾರೆ. ಆನೆ ಬೇಟೆಯ ಗೀಳಿನಿಂದ ಗಜಬೇಟೆಕಾರ ಎಂಬ ಬಿರುದೂ ಇತ್ತು. ಸುಮಾರು 1424ರಿಂದ 1446ರವರೆಗೆ ಆಳಿದ. ಇಂದಿನ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಎಲ್ಲ ಅವನ ರಾಜಧಾನಿಯ ಸುತ್ತಲಿನ ಸೀಮೆ. 1426ರಲ್ಲಿ ರಾಜಧಾನಿಯಲ್ಲೇ ಪಾರ್ಶ್ವನಾಥನಿಗೆ ಕಲ್ಲಿನ ಬಸದಿ ಕಟ್ಟಿಸಿದ. ಪ್ರಭುಲಿಂಗಲೀಲೆ ಬರೆದ ಚಾಮರಸನೂ ಅವನ ಕಾಲದವನೇ.

ಬಹಮನಿಗಳ ಜೊತೆ ಯುದ್ಧ ತಪ್ಪಿರಲಿಲ್ಲ. ಅವರ ಗೆಲುವಿಗೆ ಒಳ್ಳೆ ಕುದುರೆ, ನುರಿತ ಬಿಲ್ಲುಗಾರರು ಕಾರಣ ಅಂತ ಕಂಡುಕೊಂಡ ದೇವರಾಯ ಮುಸ್ಲಿಮರನ್ನು ಸೈನ್ಯಕ್ಕೆ ಸೇರಿಸಿಕೊಂಡ. ಅವರಿಗೆ ಜಹಗೀರು ಕೊಟ್ಟ, ಮಸೀದಿ ಕಟ್ಟಿಸಿದ, ಅವರು ವಂದಿಸುವಾಗ ಸಂಕೋಚವಾಗದಿರಲೆಂದು ಸಿಂಹಾಸನದ ಮುಂದೆ ಕುರ್‌ಆನ್ ಇರಿಸಿದ ಎಂದು ಚರಿತ್ರೆಕಾರ ಫಿರಿಷ್ತಾ ಬರೆದಿದ್ದಾನೆ.

ಹಾಗೆ ಸೇವೆಗೆ ಸೇರಿದವರಲ್ಲಿ ಅಹ್ಮದ್ ಖಾನ್ ಎಂಬ ಅಧಿಕಾರಿಯೂ ಒಬ್ಬ. 1439ರಲ್ಲಿ ಅವನು ಕಟ್ಟಿಸಿದ ಪಳ್ಳಿಗೆ ಗುಂಬಜಿಲ್ಲ, ಮಿನಾರಿಲ್ಲ. ಚೌಕ ಕಡೆದ ಕಲ್ಲುಕಂಬಗಳು, ಮೇಲೆ ಚಪ್ಪಟೆ ಕಲ್ಲಿನ ಮಾಡು, ಪೂರ್ವಕ್ಕೆ ತೆರೆದ ಮುಖ. ದೂರದಿಂದ ನೋಡಿದರೆ ಮಂಟಪವೇ. ಒಳಗೆ ಹೋದರೆ ಪಶ್ಚಿಮದ ಗೋಡೆಯಲ್ಲಿ ಮಿಹ್ರಾಬ್. ಅಲ್ಲಿನ ಕನ್ನಡ ಶಾಸನ ಅದನ್ನು ಧರ್ಮಶಾಲೆ ಎಂದು ಕರೆಯುತ್ತದೆ. ಕಟ್ಟಿಸಿದ್ದು ದೇವರಾಯನ ಪುಣ್ಯಕ್ಕಾಗಿ ಅನ್ನುತ್ತದೆ. ಪಕ್ಕದ ಗೋರಿಗೆ ಮಾತ್ರ ಬಹಮನಿ ಮಾದರಿಯ ಗುಂಬಜಿದೆ. ಅಂದರೆ ಗುಂಬಜು ಕಟ್ಟುವ ಕೆಲಸ ಗೊತ್ತಿಲ್ಲದೆ ಅಲ್ಲ, ಊರಿನ ಶೈಲಿಯನ್ನೇ ನಮಾಝಿನ ಮನೆಗೂ ಆರಿಸಿಕೊಂಡರು.

1443ರಲ್ಲಿ ಪರ್ಷಿಯಾದ ರಾಯಭಾರಿ ಅಬ್ದುರ್ರಝಾಕ್ ನಮ್ಮ ಮಂಗಳೂರಿನ ಮೂಲಕವೇ ದೇವರಾಯನ ಆಸ್ಥಾನಕ್ಕೆ ಹೋದ. ಆ ಹೊತ್ತಿಗಾಗಲೇ ದೇವರಾಯ ಸ್ವಂತ ತಮ್ಮನ ಕೊಲೆಯತ್ನದಿಂದ ಬದುಕುಳಿದಿದ್ದ. ಮೂರು ವರ್ಷದಲ್ಲಿ ತೀರಿಕೊಂಡ. ಸಾಮ್ರಾಜ್ಯವೂ ಹೋಯಿತು, ಪಳ್ಳಿ ಉಳಿಯಿತು.

ಕರಾವಳಿಯ ನಮ್ಮ ಹಿರಿಯರೂ ಇದನ್ನೇ ಮಾಡಿದರು. ಮಳೆನಾಡಿಗೆ ತಕ್ಕಂತೆ ಮರದ ಕಂಬ, ಇಳಿಜಾರು ಮಾಡು ಹಾಕಿ ಪಳ್ಳಿ ಕಟ್ಟಿದರು. ಮಂಗಳೂರು ಬಂದರಿನ ಝೀನತ್ ಬಕ್ಷ್ ಜುಮಾ ಮಸೀದಿಯ ಕೆತ್ತನೆಯ ಮರಗೆಲಸ ಇವತ್ತಿಗೂ ಕಣ್ಣ ಮುಂದಿದೆ. ಜಾಗ ಸಾಲದು ಅಂತ ಹಳೇ ಪಳ್ಳಿ ಕೆಡವಿ ಕಾಂಕ್ರೀಟು ಹಾಕುವ ಮೊದಲು, ಜಮಾಅತಿನವರು ಒಮ್ಮೆ ಹಂಪಿಗೆ ಹೋಗಿ ಬರಲಿ. ಜಾಗ ಬೇಕಾದರೆ ಪಕ್ಕದಲ್ಲಿ ವಿಸ್ತರಿಸೋಣ, ಹಿರಿಯರ ಕಂಬಗಳನ್ನು ಉಳಿಸೋಣ.