ಚಿತ್ರಸಂಗೀತದ ಸಾಧಕ ಹಯಸಾಕ

ಚಲನಚಿತ್ರದಲ್ಲಿ ದುಃಖದ ಸನ್ನಿವೇಶ ಬಂದೊಡನೆ ಶೋಕದ ಸ್ವರವೂ ಕೇಳಿಬರಬೇಕೆಂಬುದು ಬಹುಕಾಲದ ರೂಢಿ. ಈ ರೂಢಿಯನ್ನು ಮುರಿದ ಸಂಗೀತಗಾರರಲ್ಲಿ ಜಪಾನಿನ ಫೂಮಿಯೊ ಹಯಸಾಕ ಅವರು ಪ್ರಮುಖರು.

ಹಯಸಾಕ ಅವರು 1914ರಲ್ಲಿ ಸೆಂಡೈ ನಗರದಲ್ಲಿ ಜನಿಸಿದರು. ಉತ್ತರದ ಹೊಕ್ಕೈಡೊ ದ್ವೀಪದ ಸಪ್ಪೊರೊ ನಗರದಲ್ಲಿ ಬೆಳೆದರು. ಅಲ್ಲಿ ಸಮವಯಸ್ಕರಾದ ಅಕಿರ ಇಫುಕುಬೆ ಅವರೊಡಗೂಡಿ ಹೊಸ ಸಂಗೀತಕ್ಕಾಗಿ ಒಂದು ಸಂಘವನ್ನು ಕಟ್ಟಿದರು. 1939ರಲ್ಲಿ ಚಿತ್ರಸಂಗೀತವನ್ನೇ ವೃತ್ತಿಯಾಗಿಸಿಕೊಳ್ಳಲು ಟೋಕಿಯೊ ಸೇರಿದರು.

ಯುದ್ಧಾನಂತರ, 1948ರಲ್ಲಿ, ನಿರ್ದೇಶಕ ಅಕಿರ ಕುರೊಸಾವ ಅವರ ‘ಯೊಯಿದೊರೆ ತೆನ್ಶಿ’ (ಅಮಲೇರಿದ ದೇವದೂತ) ಚಿತ್ರಕ್ಕೆ ಅವರು ಸಂಗೀತ ಒದಗಿಸಿದರು. ಕ್ಷಯರೋಗ ಪೀಡಿತನಾದ ಪುಂಡನೊಬ್ಬನು ತನ್ನ ಹಿರಿಮೆಯನ್ನೆಲ್ಲ ಕಳೆದುಕೊಂಡು ಬೀದಿಯಲ್ಲಿ ಒಂಟಿಯಾಗಿ ನಡೆಯುವ ದೃಶ್ಯ ಅದರಲ್ಲಿದೆ. ಆಗ ಧ್ವನಿವರ್ಧಕದಿಂದ ಕೇಳಿಬರುವುದು ಶೋಕಸಂಗೀತವಲ್ಲ. ಕೋಗಿಲೆಯ ಕೂಗನ್ನು ಅನುಕರಿಸುವ ಲವಲವಿಕೆಯ ಕುಣಿತದ ಮಟ್ಟು! ಲೋಕವು ತನ್ನ ಪಾಡಿಗೆ ತಾನು ನಲಿಯುತ್ತಿರಲು ಅವನ ದುಃಖವು ಇಮ್ಮಡಿಯಾಗಿ ತೋರುತ್ತದೆ. ಚಿತ್ರವನ್ನು ಹಿಂಬಾಲಿಸದೆ ಅದಕ್ಕೆ ಎದುರಾಗಿ ನಿಲ್ಲುವ ಸಂಗೀತದ ಶಕ್ತಿ ಇಂಥದು.

1950ರ ‘ರಾಶೊಮೊನ್’ ಚಿತ್ರದಲ್ಲಿ ಅವರು ಸ್ಪೇನ್ ದೇಶದ ಬೊಲೆರೊ ಕುಣಿತದ ಲಯವನ್ನು ಬಳಸಿದರು. ಫ್ರಾನ್ಸಿನ ರವೆಲ್ ರಚಿಸಿದ ಪ್ರಸಿದ್ಧ ಕೃತಿಯನ್ನು ಅದು ಹೋಲುತ್ತದೆಂದು ಕೆಲವರು ಆಕ್ಷೇಪಿಸಿದರು. ಆಕ್ಷೇಪ ನಿರಾಧಾರವಲ್ಲ, ಆದರೂ ಒಂದೇ ಘಟನೆಯನ್ನು ಮರಳಿ ಮರಳಿ ಹೇಳುವ ಆ ಕಥೆಗೆ ಸುತ್ತಿ ಸುತ್ತಿ ಬರುವ ಲಯ ಒಪ್ಪುತ್ತದೆ ಎನ್ನಬೇಕು. 1951ರಲ್ಲಿ ಆ ಚಿತ್ರವು ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆಯಿತು. ಮಿಜೊಗುಚಿ ಅವರ ‘ಉಗೆತ್ಸು’ (1953) ಚಿತ್ರದಲ್ಲಿ ಹಯಸಾಕ ಅವರು ಜಪಾನಿನ ಸಾಂಪ್ರದಾಯಿಕ ವಾದ್ಯಗಳ ಕಡೆಗೆ ತಿರುಗಿದರು.

ಇಷ್ಟರಲ್ಲಿ ಕ್ಷಯರೋಗವು ಅವರನ್ನೂ ಹಣ್ಣುಮಾಡತೊಡಗಿತ್ತು. ಆದರೂ ಸುಮಾರು ಮೂರೂವರೆ ಗಂಟೆಗಳ ‘ಏಳು ಸಮುರಾಯಿ’ (1954) ಚಿತ್ರಕ್ಕಾಗಿ ಯೋಧರಿಗೊಂದು, ರೈತರಿಗೊಂದು, ದರೋಡೆಕೋರರಿಗೊಂದು ಎಂದು ಬೇರೆ ಬೇರೆ ಮಟ್ಟುಗಳನ್ನು ರಚಿಸಿದರು. ಅವುಗಳನ್ನು ವಾದ್ಯವೃಂದಕ್ಕೆ ಅಳವಡಿಸುವಲ್ಲಿ ಶಿಷ್ಯ ಮಸಾರು ಸಾತೊ ನೆರವಾದರು.

ಅದೇ ವರ್ಷ ಅಮೆರಿಕವು ಬಿಕಿನಿ ದ್ವೀಪದಲ್ಲಿ ಜಲಜನಕ ಬಾಂಬನ್ನು ಪರೀಕ್ಷಿಸಿತು. ಸಾವಿನ ಭಯ ತಲೆಯ ಮೇಲೆ ತೂಗುತ್ತಿರುವಾಗ ಮನುಷ್ಯನು ಕೆಲಸ ಮಾಡುವುದಾದರೂ ಹೇಗೆಂದು ಹಯಸಾಕ ಅವರು ಕುರೊಸಾವರೊಡನೆ ಮಾತಿನ ನಡುವೆ ಕೇಳಿದರು. ಸ್ವತಃ ಮೃತ್ಯುವಿನ ನೆರಳಿನಲ್ಲಿದ್ದವರ ಆ ಪ್ರಶ್ನೆಯೇ ಅಣುಭೀತಿಯನ್ನು ಕುರಿತ ಕುರೊಸಾವರ ಮುಂದಿನ ಚಿತ್ರಕ್ಕೆ ಬೀಜವಾಯಿತು. ಅದಕ್ಕೆ ಸಂಗೀತ ರಚಿಸುತ್ತಿರುವಾಗಲೇ, 1955ರ ಅಕ್ಟೋಬರ್ 15ರಂದು, ನಲವತ್ತೊಂದರ ಹರೆಯದಲ್ಲಿ ಹಯಸಾಕ ಅವರು ತೀರಿಕೊಂಡರು. ಉಳಿದ ಭಾಗವನ್ನು ಸಾತೊ ಪೂರ್ಣಗೊಳಿಸಿದರು.